ಹೆಸರಿಟ್ಟವರ ಮನಸ್ಸು

ಹುಟ್ಟಿದ ಮಗುವಿಗೆ ಹೆಸರು ಹುಡುಕುವವರು ಮೊದಲು ಕೇಳುವ ಪ್ರಶ್ನೆ ‘ಇದರ ಅರ್ಥವೇನು’ ಎಂಬುದು. ಆ ಪ್ರಶ್ನೆಗೆ ಉತ್ತರ ಕೊಡುವ ಪಟ್ಟಿಗಳಿಗೆ ಯಾವ ಭಾಷೆಯಲ್ಲೂ ಕೊರತೆಯಿಲ್ಲ. ಒಂದು ಕಡೆ ಹೆಸರು, ಅದರ ಎದುರಿಗೆ ಬೆಳಕು, ವಿಜಯ, ಹೂವು, ದೈವಕೃಪೆ ಎಂದು ಒಂದೊಂದೇ ಪದದ ಅರ್ಥ. ಈ ಪಟ್ಟಿಗಳನ್ನು ನಾನೂ ಆಸಕ್ತಿಯಿಂದ ಓದುತ್ತೇನೆ. ಆದರೆ ಬೇರೆ ಬೇರೆ ಜನಸಮುದಾಯಗಳು ಹೆಸರಿಡುವ ಬಗೆಯನ್ನು ಓದುತ್ತ ಹೋದಂತೆ, ಆ ಒಂದು ಪದದ ಅರ್ಥದಿಂದ ನಮಗೆ ತಿಳಿಯುವುದು ತೀರ ಅಲ್ಪ ಎಂಬ ಅಭಿಪ್ರಾಯ ನನ್ನಲ್ಲಿ ಗಟ್ಟಿಯಾಗುತ್ತ ಬಂದಿದೆ. ಹೆಸರನ್ನು ಹೊತ್ತವರು ಅದನ್ನು ಆರಿಸಿಕೊಂಡವರಲ್ಲ. ಅವರಿಗೆ ಮಾತು ಬರುವ ಮೊದಲೇ ಬೇರೆ ಯಾರೋ ಅದನ್ನು ಇಟ್ಟಿರುತ್ತಾರೆ. ಹಾಗಾಗಿ ಅದನ್ನು ಯಾರು, ಯಾವ ಗಳಿಗೆಯಲ್ಲಿ, ಯಾವ ಆಸೆಯಿಂದ ಅಥವಾ ಯಾವ ಭಯದಿಂದ ಇಟ್ಟರು ಎಂದು ಕೇಳದ ಹೊರತು ಹೆಸರು ನಮ್ಮೊಡನೆ ಮಾತಾಡುವುದಿಲ್ಲ.

ಖುದಿರಾಮ್ ಬೋಸ್ ಅವರ ಹೆಸರನ್ನೇ ತೆಗೆದುಕೊಳ್ಳೋಣ. 1908ರ ಆಗಸ್ಟ್ 11ರಂದು ಮುಜಫ್ಫರಪುರದ ಜೈಲಿನಲ್ಲಿ ಗಲ್ಲಿಗೇರಿದಾಗ ಹದಿನೆಂಟು ವರ್ಷ ದಾಟಿದ್ದ ಆ ತರುಣನ ಧೈರ್ಯದ ಬಗ್ಗೆ ಕೇಳದವರು ಕಡಿಮೆ. ಅವರ ಹೆಸರಿನ ಕಥೆ ಕೇಳಿದವರು ಅಷ್ಟಿಲ್ಲ. ಬಂಗಾಳಿಯಲ್ಲಿ ‘ಖುದ್’ ಎಂದರೆ ಅಕ್ಕಿಯ ನುಚ್ಚು. 1889ರ ಡಿಸೆಂಬರ್‌ನಲ್ಲಿ ಅವರು ಹುಟ್ಟುವ ಮೊದಲು ಅದೇ ತಾಯಿಯ ಇಬ್ಬರು ಗಂಡುಮಕ್ಕಳು ಎಳವೆಯಲ್ಲೇ ತೀರಿಕೊಂಡಿದ್ದರು. ಈ ಮಗುವೂ ಕೈತಪ್ಪಿ ಹೋದೀತೆಂಬ ಭಯದಲ್ಲಿ ಕೂಸನ್ನು ಮೂರು ಹಿಡಿ ನುಚ್ಚಿಗೆ ಹಿರಿಯ ಮಗಳಿಗೆ ಮಾರಿದರು. ಅದು ಶಾಸ್ತ್ರಕ್ಕೆ ನಡೆದ ಮಾರಾಟ. ಆದರೆ ಮುಂದೆ ತಂದೆತಾಯಿ ಬೇಗನೆ ತೀರಿಕೊಂಡಾಗ ಹುಡುಗನನ್ನು ನಿಜವಾಗಿಯೂ ಸಾಕಿದವರು ಆ ಅಕ್ಕನೇ. ಹೆಸರುಗಳ ಪಟ್ಟಿ ಈ ಹೆಸರಿಗೆ ‘ನುಚ್ಚು’ ಎಂದು ಅರ್ಥ ಬರೆದು ಮುಂದೆ ಹೋಗುತ್ತದೆ. ಇಬ್ಬರು ಮಕ್ಕಳನ್ನು ಮಣ್ಣುಮಾಡಿದ ಮನೆಯ ಸಂಕಟವನ್ನು ಬರೆಯಲು ಅದರಲ್ಲಿ ಜಾಗವಿಲ್ಲ.

ಈ ಮಾರಾಟದ ಹಿಂದಿನ ತರ್ಕ ಇಷ್ಟೇ: ಸಾವು ಹುಡುಕಿಕೊಂಡು ಬರುವುದು ತಾಯಿಗೆ ಪ್ರಿಯವಾದ ಮಗುವನ್ನು, ಮಾರಿದ ಮಗು ಆ ತಾಯಿಯದಲ್ಲ, ಬೆಲೆಬಾಳುವುದೂ ಅಲ್ಲ, ಆದ್ದರಿಂದ ಅದರ ಮೇಲೆ ಕಣ್ಣು ಬೀಳುವುದಿಲ್ಲ. ಬಂಗಾಳದ ತೀನ್‌ಕೊಡಿ, ಪಾಂಚ್‌ಕೊಡಿ ಎಂಬ ಹೆಸರುಗಳು ಹೀಗೆಯೇ ಮೂರು ಕವಡೆಗೆ, ಐದು ಕವಡೆಗೆ ಕೊಟ್ಟ ಮಕ್ಕಳವು. ಕನ್ನಡದ ತಿಪ್ಪಯ್ಯ, ತಿಪ್ಪಮ್ಮಂದಿರಲ್ಲಿ ಹಲವರ ಹೆಸರಿನ ಹಿಂದೆಯೂ ಮಗುವನ್ನು ತಿಪ್ಪೆಯ ಮೇಲಿಟ್ಟು ಎತ್ತಿಕೊಂಡ ಇಂಥದೇ ಕಥೆಯಿದೆ. ಚೀನಾದ ಹಳ್ಳಿಗಳಲ್ಲಿ ಎಳೆಯ ಮಗುವನ್ನು ‘ಗೌಶೆಂಗ್’, ಅಂದರೆ ನಾಯಿ ತಿಂದು ಬಿಟ್ಟದ್ದು, ಎಂದು ಕರೆಯುವ ರೂಢಿಯಿತ್ತು. ಮಂಗೋಲಿಯದವರು ಸಾವಿನ ಕಣ್ಣಿಗೆ ಮಣ್ಣೆರಚುವ ಈ ಉಪಾಯವನ್ನು ಒಂದು ಕಲೆಯನ್ನಾಗಿಯೇ ಬೆಳೆಸಿದ್ದಾರೆ. ಅಲ್ಲಿ ‘ನೆರ್ಗುಯಿ’ ಎಂದರೆ ಹೆಸರಿಲ್ಲದ್ದು, ‘ಎನೆಬಿಶ್’ ಎಂದರೆ ಇದಲ್ಲ, ‘ತೆರ್ಬಿಶ್’ ಎಂದರೆ ಅದಲ್ಲ, ‘ಖುನ್‌ಬಿಶ್’ ಎಂದರೆ ಮನುಷ್ಯನೇ ಅಲ್ಲ. ಮಕ್ಕಳನ್ನು ಕಳೆದುಕೊಂಡ ಮನೆಯಲ್ಲಿ ಆಮೇಲೆ ಹುಟ್ಟಿದ ಮಗುವಿಗೆ ಇಂಥ ಹೆಸರಿಟ್ಟರೆ, ಹುಡುಕಿಕೊಂಡು ಬಂದ ಕೆಟ್ಟ ಶಕ್ತಿ ‘ಇದಲ್ಲ, ಅದಲ್ಲ’ ಎಂಬ ಕೂಗು ಕೇಳಿ ದಾರಿತಪ್ಪಿ ಹಿಂತಿರುಗುತ್ತದೆ ಎಂಬುದು ನಂಬಿಕೆ. ಹೊರಗಿನವರು ಕೇಳಿ ನಗಬಹುದಾದ ಹೆಸರುಗಳಿವು. ನನಗಾದರೋ ಇವುಗಳಷ್ಟು ಅಕ್ಕರೆ ತುಂಬಿದ ಹೆಸರುಗಳು ಬೇರೆಲ್ಲೂ ಕಂಡಿಲ್ಲ.

ನೈಜೀರಿಯದ ಯೊರುಬಾ ಜನರು ಇದೇ ಸಂಕಟಕ್ಕೆ ಬೇರೆ ದಾರಿ ಹಿಡಿದರು. ಹುಟ್ಟಿ, ಸತ್ತು, ಮತ್ತೆ ಅದೇ ತಾಯಿಯ ಹೊಟ್ಟೆಗೆ ಬಂದು ಕಾಡುವ ಮಗುವನ್ನು ಅವರು ‘ಅಬಿಕು’ ಎಂದು ಕರೆಯುತ್ತಾರೆ. ಅಂಥ ಮಗುವಿಗೆ ಇಡುವ ಹೆಸರುಗಳಲ್ಲಿ ಮೋಸವಿಲ್ಲ, ಬೇಡಿಕೆಯಿದೆ. ‘ಮಲೊಮೊ’ ಎಂದರೆ ಮತ್ತೆ ಹೋಗಬೇಡ. ‘ದುರೊಜಯೆ’ ಎಂದರೆ ನಿಂತು ಬದುಕಿನ ಸುಖ ಕಾಣು. ‘ಕೊಕುಮೊ’ ಎಂದರೆ ಇದು ಇನ್ನು ಸಾಯುವುದಿಲ್ಲ. ಮಂಗೋಲಿಯದ ತಾಯಿ ಸಾವನ್ನು ಉದ್ದೇಶಿಸಿ ಮಾತಾಡಿದರೆ, ಯೊರುಬಾ ತಾಯಿ ಮಗುವನ್ನೇ ಉದ್ದೇಶಿಸಿ ಮಾತಾಡುತ್ತಾಳೆ. ಊಟಕ್ಕೆ ಕರೆದಾಗ, ಗದರಿಸಿದಾಗ, ಆಟದಿಂದ ಮನೆಗೆ ಕೂಗಿದಾಗ, ದಿನಕ್ಕೆ ಹತ್ತಾರು ಸಲ ಆ ಬೇಡಿಕೆ ತಾನಾಗಿಯೇ ಮರುಕಳಿಸುತ್ತಿರುತ್ತದೆ. ಲಸಿಕೆಯೂ ಔಷಧಿಯೂ ಇಲ್ಲದ ಕಾಲದಲ್ಲಿ ಅವಳ ಕೈಗೆ ಎಟುಕುತ್ತಿದ್ದ ಸಾಧನ ಅದೊಂದೇ.

ಇಟ್ಟ ಹೆಸರೇ ಮಗುವಿಗೆ ಭಾರವಾಗಬಹುದು ಎಂಬ ನಂಬಿಕೆ ಜಾವಾದಲ್ಲಿದೆ. ಮಗು ಪದೇ ಪದೇ ಕಾಯಿಲೆ ಬಿದ್ದರೆ ಅದು ಹೊರಲಾರದ ಹೆಸರನ್ನು ಹೊತ್ತಿದೆಯೆಂದು ತಿಳಿದು ಹೆಸರು ಬದಲಿಸುತ್ತಾರೆ. 1901ರಲ್ಲಿ ಹುಟ್ಟಿದ ಕುಸ್ನೊ ಎಂಬ ಹುಡುಗನಿಗೂ ಹಾಗೆಯೇ ಆಯಿತು. ಮತ್ತೆ ಮತ್ತೆ ಜ್ವರ ಬಿದ್ದ ಮಗನಿಗೆ ತಂದೆ ಮಹಾಭಾರತದ ಕರ್ಣನ ಹೆಸರನ್ನು ಆರಿಸಿ, ಮುಂದೆ ‘ಸು’ ಸೇರಿಸಿ ಮರುನಾಮಕರಣ ಮಾಡಿದರು. ಇಂಡೊನೇಷ್ಯದ ಮೊದಲ ಅಧ್ಯಕ್ಷ ಸುಕರ್ನೊ ಅವರ ಹೆಸರು ಬಂದದ್ದು ಹೀಗೆ. ಅವರಿಗೆ ಇದ್ದದ್ದು ಆ ಒಂದೇ ಹೆಸರು, ಕುಲನಾಮವಿಲ್ಲ. ಜಾವಾದಲ್ಲಿ ಅದು ತೀರ ಸಹಜ.

ಭಯದ ಹೆಸರುಗಳನ್ನು ಓದುವಾಗ ಮನಸ್ಸು ಮೃದುವಾಗುತ್ತದೆ. ಆದರೆ ಇಟ್ಟವರ ಮನಸ್ಸು ಯಾವಾಗಲೂ ಅಷ್ಟು ಮೃದುವಾಗಿರುವುದಿಲ್ಲ. ಮಹಾರಾಷ್ಟ್ರದ ಕೆಲವು ಕಡೆ ಗಂಡು ಬೇಕೆಂದು ಕಾದ ಮನೆಯಲ್ಲಿ ಮತ್ತೊಂದು ಹೆಣ್ಣು ಹುಟ್ಟಿದರೆ ‘ನಕುಶಾ’, ಅಂದರೆ ಬೇಡವಾದವಳು, ಎಂದು ಹೆಸರಿಡುತ್ತಿದ್ದರು. ತಮಿಳುನಾಡಿನ ಕೆಲವು ಹಳ್ಳಿಗಳಲ್ಲಿ ಇದೇ ಕಾರಣಕ್ಕೆ ‘ವೇಂಡಾಂ’ ಎಂಬ ಹೆಸರು ಬಂತು. ಚೀನಾದ ‘ಝಾವೊದಿ’, ‘ಲೈದಿ’ ಎಂಬ ಹೆಸರುಗಳು ಕೇಳಲು ಇಂಪಾಗಿದ್ದರೂ ‘ತಮ್ಮನನ್ನು ಕರೆ’, ‘ತಮ್ಮ ಬರಲಿ’ ಎಂಬುದು ಅವುಗಳ ಅರ್ಥ. ಆ ಹುಡುಗಿ ಬದುಕಿರುವಷ್ಟು ಕಾಲ ತನ್ನ ಹೆಸರಿನ ಮೂಲಕ ಬೇರೊಬ್ಬನ ಬರವನ್ನು ಸಾರುತ್ತಿರಬೇಕು. ತಾನು ಹುಟ್ಟಿದ್ದು ತಪ್ಪೆಂಬ ಮಾತನ್ನು ಶಾಲೆಯ ಹಾಜರಿಯಲ್ಲಿ ಪ್ರತಿ ಬೆಳಿಗ್ಗೆ ಕೇಳಿ, ಅದಕ್ಕೆ ತಾನೇ ಓಗೊಡಬೇಕಾದ ಮಗುವಿನ ಸ್ಥಿತಿಯನ್ನು ನೆನೆದರೆ, ಹೆಸರಿನಲ್ಲೇನಿದೆ ಎಂದು ತೇಲಿಸಿ ಮಾತಾಡುವವರ ಮೇಲೆ ನನಗೆ ಸಿಟ್ಟು ಬರುತ್ತದೆ. 2011ರ ಅಕ್ಟೋಬರ್‌ನಲ್ಲಿ ಸಾತಾರಾ ಜಿಲ್ಲೆಯ ಆಡಳಿತ ಸಮಾರಂಭವೊಂದನ್ನು ಏರ್ಪಡಿಸಿ 285 ಹುಡುಗಿಯರಿಗೆ ಹೊಸ ಹೆಸರಿನ ಪ್ರಮಾಣಪತ್ರ ಕೊಟ್ಟಿತು. ಹಲವರು ತಮಗೆ ಬೇಕಾದ ಹೆಸರನ್ನು ತಾವೇ ಆರಿಸಿಕೊಂಡಿದ್ದರು. ಸರಕಾರಿ ಕಚೇರಿಯೊಂದು ಹೆಸರಿನ ವಿಷಯದಲ್ಲಿ ಮಾಡಿದ ಒಳ್ಳೆಯ ಕೆಲಸಗಳಲ್ಲಿ ಇದಕ್ಕೆ ಸಾಟಿಯಾದದ್ದು ಹೆಚ್ಚಿಲ್ಲ.

ಪ್ರಾಚೀನ ರೋಮ್‌ನಲ್ಲಿ ಹೆಣ್ಣುಮಕ್ಕಳ ಹೆಸರಿನಲ್ಲಿ ದ್ವೇಷವೂ ಇರಲಿಲ್ಲ, ಅಕ್ಕರೆಯೂ ಇರಲಿಲ್ಲ. ತಂದೆಯ ಕುಲದ ಹೆಸರಿಗೆ ಸ್ತ್ರೀಲಿಂಗ ಪ್ರತ್ಯಯ ಹಚ್ಚಿದರೆ ಮಗಳ ಹೆಸರು ಸಿದ್ಧವಾಗುತ್ತಿತ್ತು. ಜೂಲಿಯಸ್ ಸೀಸರನ ಇಬ್ಬರು ಅಕ್ಕತಂಗಿಯರ ಹೆಸರೂ ಜೂಲಿಯಾ, ಮಗಳ ಹೆಸರೂ ಜೂಲಿಯಾ. ಗುರುತಿಗೆ ದೊಡ್ಡವಳು, ಚಿಕ್ಕವಳು ಎಂದು ಸೇರಿಸಿಕೊಳ್ಳುತ್ತಿದ್ದರು, ಅಷ್ಟೇ.

ಘಾನಾದ ಅಕಾನ್ ಜನರಲ್ಲಿ ಮಗುವಿನ ಮೊದಲ ಹೆಸರನ್ನು ಯಾರೂ ಹುಡುಕಬೇಕಾಗಿಲ್ಲ. ಹುಟ್ಟಿದ ವಾರವೇ ಅದನ್ನು ಕೊಡುತ್ತದೆ. ಗಂಡುಮಕ್ಕಳಲ್ಲಿ ಸೋಮವಾರ ಹುಟ್ಟಿದವನು ಕ್ವಾಜೊ, ಶುಕ್ರವಾರ ಹುಟ್ಟಿದವನು ಕೋಫಿ, ಶನಿವಾರದವನು ಕ್ವಾಮೆ. ಹೆಣ್ಣುಮಕ್ಕಳಲ್ಲಿ ಶುಕ್ರವಾರದವಳು ಅಫುವಾ, ಶನಿವಾರದವಳು ಅಮಾ. ವಿಶ್ವಸಂಸ್ಥೆಯ ಮಹಾ ಕಾರ್ಯದರ್ಶಿಯಾಗಿದ್ದ ಕೋಫಿ ಅಟ್ಟಾ ಅನ್ನಾನ್ ಹುಟ್ಟಿದ 1938ರ ಏಪ್ರಿಲ್ 8 ಶುಕ್ರವಾರವಾಗಿತ್ತು. ಅಟ್ಟಾ ಎಂದರೆ ಅವಳಿ, ಅನ್ನಾನ್ ಎಂದರೆ ನಾಲ್ಕನೆಯ ಮಗು. ಅವರಿಗೆ ಅವಳಿ ಸಹೋದರಿಯೊಬ್ಬರಿದ್ದರು. ಮೂರು ಪದಗಳಲ್ಲಿ ಹುಟ್ಟಿನ ವಿವರವೆಲ್ಲ ಅಡಕವಾಗಿದೆ. ಇದನ್ನು ಓದಿದಾಗ, ಏಳೇ ಹೆಸರುಗಳಿದ್ದರೆ ಒಬ್ಬರಿಂದ ಇನ್ನೊಬ್ಬರನ್ನು ಹೇಗೆ ಗುರುತಿಸುವುದು ಎಂದು ಅನ್ನಿಸುವುದು ಸಹಜ. ವಾರದ ಹೆಸರಿನ ಜೊತೆಗೆ ಹಿರಿಯರೊಬ್ಬರ ಹೆಸರನ್ನೂ ಆರಿಸಿ ಇಡುತ್ತಾರೆ. ಮೊದಲನೆಯದು ಕಾಲ ಕೊಟ್ಟದ್ದು, ಎರಡನೆಯದು ಮನೆಯವರು ಕೊಟ್ಟದ್ದು.

ಈ ವಾರದ ಹೆಸರುಗಳಿಗೆ ಅಟ್ಲಾಂಟಿಕ್ ಸಾಗರದ ಆಚೆ ಇನ್ನೊಂದು ಚರಿತ್ರೆಯಿದೆ. ಪಶ್ಚಿಮ ಆಫ್ರಿಕದಿಂದ ಹಡಗುಗಳಲ್ಲಿ ತುಂಬಿ ಸಾಗಿಸಿದ ಗುಲಾಮರಿಂದ ಮಾಲೀಕರು ಮೊದಲು ಕಿತ್ತುಕೊಳ್ಳುತ್ತಿದ್ದುದು ಹೆಸರನ್ನು. ಆದರೂ ಕೆಲವು ಹೆಸರುಗಳು ಉಚ್ಚಾರಣೆ ಬದಲಿಸಿಕೊಂಡು ಉಳಿದವು. ಜಮೈಕದ ಗುಡ್ಡಗಳಲ್ಲಿ ಬ್ರಿಟಿಷರ ವಿರುದ್ಧ ಹೋರಾಡಿ 1739ರಲ್ಲಿ ಅವರೊಡನೆ ಒಪ್ಪಂದ ಮಾಡಿಕೊಂಡ ಮರೂನರ, ಅಂದರೆ ಗುಲಾಮಗಿರಿಯಿಂದ ತಪ್ಪಿಸಿಕೊಂಡವರ, ನಾಯಕ ಕುಜೊ. ಅದು ಸೋಮವಾರದ ಕ್ವಾಜೊ. ಈಗಿನ ಗಯಾನಾದ ಭಾಗವಾದ ಬರ್ಬೀಸ್‌ನಲ್ಲಿ 1763ರಲ್ಲಿ ಡಚ್ಚರ ವಿರುದ್ಧ ದಂಗೆಯ ಮುಂದಾಳಾಗಿ ನಿಂತು, ಇಂದು ಆ ದೇಶದ ರಾಷ್ಟ್ರವೀರನೆನಿಸಿರುವ ಕಫಿ. ಅದು ಶುಕ್ರವಾರದ ಕೋಫಿ. ಸಂಕೋಲೆಯಲ್ಲಿದ್ದ ತಾಯಂದಿರು ಊರು, ಭಾಷೆ, ನೆಂಟರು ಎಲ್ಲ ಕೈಬಿಟ್ಟ ಮೇಲೂ ವಾರದ ಲೆಕ್ಕವನ್ನು ಕೈಬಿಟ್ಟಿರಲಿಲ್ಲ.

ಹೆಸರು ಕಳೆದುಕೊಳ್ಳುವ ಕ್ಷಣ ಹೇಗಿರುತ್ತದೆಂದು ಒಲಾಡ ಎಕ್ವಿಯಾನೊ 1789ರಲ್ಲಿ ಲಂಡನ್ನಿನಲ್ಲಿ ಪ್ರಕಟಿಸಿದ ತನ್ನ ಆತ್ಮಕಥೆಯಲ್ಲಿ ಬರೆದಿದ್ದಾನೆ. ಅವನ ಜನರಾದ ಇಗ್ಬೊಗಳಲ್ಲಿ ಅವನ ಹೆಸರಿಗೆ ಅದೃಷ್ಟವಂತ, ಗಟ್ಟಿ ದನಿಯುಳ್ಳವನು, ಮಾತುಬಲ್ಲವನು ಎಂಬ ಅರ್ಥಗಳಿದ್ದವು. ಹಿಡಿದು ಮಾರಿದ ಮೇಲೆ ಒಂದು ಕಡೆ ಅವನನ್ನು ಮೈಕೆಲ್ ಎಂದರು, ಇನ್ನೊಂದು ಕಡೆ ಜೇಕಬ್ ಎಂದರು. ಕೊನೆಗೆ ಅವನನ್ನು ಕೊಂಡ ನೌಕಾಪಡೆಯ ಅಧಿಕಾರಿಯೊಬ್ಬ ಸ್ವೀಡನ್ ದೊರೆಯೊಬ್ಬನ ಹೆಸರು ತೆಗೆದು ಗುಸ್ಟಾವಸ್ ವಾಸಾ ಎಂದು ಕರೆದ. ಹುಡುಗ ಒಪ್ಪಲಿಲ್ಲ, ಜೇಕಬ್ ಎಂಬ ಹೆಸರೇ ಇರಲಿ ಎಂದ. ಓಗೊಡದಿದ್ದಾಗಲೆಲ್ಲ ಏಟು ತಿಂದ, ಕೊನೆಗೆ ಮಣಿದ. ಸ್ವತಂತ್ರನಾದ ಮೇಲೆ ಬರೆದ ಪುಸ್ತಕದ ಮುಖಪುಟದಲ್ಲಿ ಅವನು ತನ್ನ ಎರಡೂ ಹೆಸರುಗಳನ್ನು ಅಚ್ಚುಹಾಕಿಸಿದ, ಎಕ್ವಿಯಾನೊ ಎಂಬುದನ್ನು ಮೊದಲಿಗೆ ಇಟ್ಟು. ಇಪ್ಪತ್ತನೆಯ ಶತಮಾನದಲ್ಲಿ ಮಾಲ್ಕಂ ಲಿಟ್ಲ್ ಎಂಬ ತರುಣ ತನ್ನ ಕುಲನಾಮ ಯಾವನೋ ಮಾಲೀಕನದೆಂದು ಅದನ್ನು ಬಿಟ್ಟು, ತಿಳಿಯದೇ ಹೋದ ಆಫ್ರಿಕದ ಮನೆಹೆಸರಿನ ಜಾಗದಲ್ಲಿ ಎಕ್ಸ್ ಎಂದಷ್ಟೇ ಬರೆದುಕೊಂಡ. ದಕ್ಷಿಣ ಆಫ್ರಿಕದಲ್ಲಿ ರೊಲಿಹ್ಲಾಹ್ಲಾ ಮಂಡೇಲಾ ಎಂಬ ಹುಡುಗ ಶಾಲೆಗೆ ಹೋದ ಮೊದಲ ದಿನ ಶಿಕ್ಷಕಿ ಇನ್ನು ಮುಂದೆ ನಿನ್ನ ಹೆಸರು ನೆಲ್ಸನ್ ಎಂದರು. ಅವರದೇನೂ ದುರುದ್ದೇಶವಲ್ಲ, ಆ ಕಾಲದಲ್ಲಿ ಎಲ್ಲ ಮಕ್ಕಳಿಗೂ ಹಾಗೆ ಮಾಡುತ್ತಿದ್ದರು. ಎಲ್ಲರಿಗೂ ಮಾಡುತ್ತಿದ್ದರು ಎಂಬುದೇ ನನಗೆ ಹೆಚ್ಚು ನೋವಿನದಾಗಿ ಕಾಣುತ್ತದೆ.

ಹೆಸರಿನ ಬಗ್ಗೆ ನಾನು ಓದಿದ್ದರಲ್ಲೆಲ್ಲ ನನ್ನನ್ನು ಹೆಚ್ಚು ಹಿಡಿದು ನಿಲ್ಲಿಸಿದ್ದು ಉತ್ತರ ಧ್ರುವದ ಬಳಿಯ ಇನ್ಯುಯಿಟ್ ಜನರ ಪದ್ಧತಿ. ಅವರಲ್ಲಿ ಹೆಸರಿಗೆ ‘ಅತಿಕ್’ ಎನ್ನುತ್ತಾರೆ, ಮತ್ತು ಅದು ಕರೆಯಲು ಬಳಸುವ ಶಬ್ದವಷ್ಟೇ ಆಗಿರದೆ ಆತ್ಮದ ಒಂದು ಅಂಶವೆಂದು ನಂಬುತ್ತಾರೆ. ಯಾರಾದರೂ ತೀರಿಕೊಂಡರೆ ಅವರ ಹೆಸರು ಮುಂದೆ ಹುಟ್ಟುವ ಮಗುವಿಗೆ ಹೋಗುತ್ತದೆ, ಹೆಸರಿನೊಂದಿಗೆ ಅವರ ನೆಂಟಸ್ತನಗಳೂ ಹೋಗುತ್ತವೆ. ಹೆಸರುಗಳಲ್ಲಿ ಗಂಡು, ಹೆಣ್ಣು ಎಂಬ ಭೇದವಿಲ್ಲದ ಕಾರಣ ಅಜ್ಜಿಯ ಹೆಸರು ಮೊಮ್ಮಗನಿಗೂ ಬರಬಹುದು. ತನ್ನ ತಂದೆಯ ಹೆಸರು ಹೊತ್ತ ಮಗನನ್ನು ತಾಯಿ ‘ಅಪ್ಪ’ ಎಂದೇ ಕರೆಯುತ್ತಾಳೆ. ವಿಧವೆಯೊಬ್ಬಳು ತೀರಿಹೋದ ಗಂಡನ ಹೆಸರಿನ ಹಸುಗೂಸನ್ನು ‘ನನ್ನ ಗಂಡ’ ಎಂದು ಮಾತಾಡಿಸಬಹುದು. ಸತ್ತವರಿಗೆ ಯಾವ ತಿನಿಸು ಇಷ್ಟವಿತ್ತೋ ಅದನ್ನು ಮಗುವಿಗೆ ತಂದುಕೊಡುತ್ತಾರೆ. ಹಿರಿಯರ ಹೆಸರು ಹೊತ್ತ ಮಗುವನ್ನು ಗದರಿಸಲು ತಂದೆತಾಯಿ ಹಿಂಜರಿಯುತ್ತಾರೆ. ನಾಲ್ಕು ವರ್ಷದ ಹುಡುಗಿಯೊಬ್ಬಳು ತನ್ನ ಮನೆಯಲ್ಲಿ ಏಕಕಾಲಕ್ಕೆ ಮಗಳೂ ಅಜ್ಜಿಯೂ ಆಗಿರುತ್ತಾಳೆ, ಮತ್ತು ಯಾರಿಗೂ ಅದು ಗೊಂದಲವೆನಿಸುವುದಿಲ್ಲ. ಅಗಲಿಕೆಯನ್ನು ತಡೆದುಕೊಳ್ಳಲು ಮನುಷ್ಯರು ಕಂಡುಕೊಂಡ ಬಗೆಗಳಲ್ಲಿ ಇದಕ್ಕಿಂತ ದಯೆಯುಳ್ಳದ್ದು ನನಗೆ ಗೊತ್ತಿಲ್ಲ.

ಯೊರುಬಾದ ಬಾಬಾತುಂಡೆ, ‘ಅಪ್ಪ ಮರಳಿ ಬಂದ’, ಯೆತುಂಡೆ, ‘ಅಮ್ಮ ಮರಳಿ ಬಂದಳು’, ಇದೇ ಭಾವದ ಹೆಸರುಗಳು. ಹಿರಿಯರೊಬ್ಬರು ತೀರಿದ ಬಳಿಕ ಹುಟ್ಟಿದ ಮಗುವಿಗೆ ಅವನ್ನು ಇಡುತ್ತಾರೆ. ಯೆಹೂದಿಗಳಲ್ಲಿ ಅಶ್ಕೆನಾಜಿಗಳು ತೀರಿಕೊಂಡವರ ಹೆಸರನ್ನಷ್ಟೇ ಮಗುವಿಗೆ ಇಟ್ಟರೆ, ಸೆಫಾರ್ದಿಗಳು ಬದುಕಿರುವ ಅಜ್ಜ, ಅಜ್ಜಿಯರ ಹೆಸರಿಟ್ಟು ಗೌರವಿಸುತ್ತಾರೆ. ಒಂದೇ ಧರ್ಮದ ಒಳಗೇ ಒಬ್ಬರಿಗೆ ಅಪಶಕುನವಾದದ್ದು ಇನ್ನೊಬ್ಬರಿಗೆ ಮರ್ಯಾದೆ. ಆಸ್ಟ್ರೇಲಿಯದ ಹಲವು ಮೂಲನಿವಾಸಿ ಸಮುದಾಯಗಳು ಇದಕ್ಕೆ ಪೂರ್ತಿ ವಿರುದ್ಧವಾಗಿ, ಸತ್ತವರ ಹೆಸರನ್ನು ಉಚ್ಚರಿಸುವುದನ್ನೇ ನಿಲ್ಲಿಸಿಬಿಡುತ್ತವೆ. ಅದೇ ಹೆಸರಿನ ಬೇರೆಯವರು ಬದುಕಿದ್ದರೆ ಶೋಕದ ಅವಧಿ ಮುಗಿಯುವವರೆಗೆ ಅವರನ್ನೂ ಬೇರೆ ಹೆಸರಿನಿಂದ ಕರೆಯಬೇಕು. ಮಧ್ಯ ಆಸ್ಟ್ರೇಲಿಯದಲ್ಲಿ ಇದಕ್ಕೆಂದೇ ‘ಕುಮಂಜಯಿ’ ಎಂಬ ಬದಲಿ ಹೆಸರಿದೆ. ದುಃಖವನ್ನು ಕೆದಕಬಾರದೆಂಬ ಸಂಯಮ ಅದರಲ್ಲಿದೆ.

ದೇವರ ಹೆಸರುಗಳ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ, ಏಕೆಂದರೆ ಇಲ್ಲಿ ಮನುಷ್ಯರೆಲ್ಲ ಒಂದೇ ರೀತಿ ಯೋಚಿಸಿದ್ದಾರೆ. ಸಂಸ್ಕೃತದ ದೇವದತ್ತ, ಗ್ರೀಕಿನ ಥಿಯೊಡೋರ್, ಹೀಬ್ರೂವಿನ ನಥಾನಿಯೆಲ್, ಸ್ಲಾವಿಕ್ ಭಾಷೆಗಳ ಬೊಗ್ದಾನ್, ಪಾರ್ಸಿಯ ಖುದಾಬಕ್ಷ್, ಎಲ್ಲವೂ ದೇವರು ಕೊಟ್ಟ ಮಗು ಎಂಬ ಒಂದೇ ಮಾತು. ದೇವರು ಬದಲಾದರೆ ಹೆಸರೂ ಬದಲಾಗುತ್ತದೆ ಎಂಬುದಕ್ಕೆ ಈಜಿಪ್ಟಿನ ಎಳೆಯ ದೊರೆ ಸಾಕ್ಷಿ. ತಂದೆ ಅಖೆನಾತನ್ ಸೂರ್ಯಬಿಂಬವಾದ ಆತನ್‌ನನ್ನು ಬಿಟ್ಟು ಬೇರೆ ದೇವರಿಲ್ಲವೆಂದಾಗ ಮಗ ತುತನ್‌ಖಾತನ್ ಆಗಿದ್ದ. ತಂದೆಯ ನಂತರ ಹಳೆಯ ದೇವರಾದ ಅಮುನ್ ಮರಳಿ ಬಂದಾಗ ಅವನು ತುತನ್‌ಖಾಮುನ್ ಆದ. ಕ್ರಾಂತಿಯ ನಂತರದ ರಷ್ಯದಲ್ಲಿ ದೇವರ ಜಾಗಕ್ಕೆ ನಾಯಕರು ಬಂದರು: ವ್ಲಾದಿಮಿರ್ ಲೆನಿನ್ ಎಂಬುದನ್ನು ಕುಗ್ಗಿಸಿ ವ್ಲಾದ್ಲೆನ್, ಲೆನಿನ್ ಎಂಬುದನ್ನು ಹಿಂದುಮುಂದಾಗಿ ಬರೆದು ನಿನೆಲ್. ಚೀನಾದ ಉಪಾಧ್ಯಕ್ಷರಾಗಿದ್ದ ಲಿ ಯುವಾನ್‌ಚಾವೊ ಹುಟ್ಟಿದ್ದು 1950ರ ನವೆಂಬರ್‌ನಲ್ಲಿ, ಚೀನಾದ ಪಡೆಗಳು ಕೊರಿಯಾ ಯುದ್ಧಕ್ಕಿಳಿದ ಹೊಸತರಲ್ಲಿ. ಅವರಿಗೆ ಇಟ್ಟ ಮೂಲ ಹೆಸರಿನ ಅರ್ಥ ‘ಕೊರಿಯಾಕ್ಕೆ ನೆರವಾಗು’.

ಇಲ್ಲಿಯವರೆಗೆ ಹೇಳಿದ್ದೆಲ್ಲ ಹೆಚ್ಚಾಗಿ ಮನೆಯವರು ಇಟ್ಟ ಹೆಸರುಗಳು. ಪ್ರಭುತ್ವಕ್ಕೆ ಹೆಸರು ಬೇಕಾಗುವುದು ಬೇರೆ ಕಾರಣಕ್ಕೆ. ಬರಹದಲ್ಲಿ ಉಳಿದುಬಂದ ಅತ್ಯಂತ ಹಳೆಯ ಹೆಸರುಗಳಲ್ಲಿ ಒಂದಾದ ‘ಕುಶಿಮ್’ ಸಿಗುವುದು ಸುಮಾರು ಐದು ಸಾವಿರ ವರ್ಷಗಳ ಹಿಂದಿನ ಮೆಸೊಪೊಟೇಮಿಯದ ಮಣ್ಣಿನ ಹಲಗೆಯಲ್ಲಿ, ಬಾರ್ಲಿಯ ಲೆಕ್ಕದ ಕೊನೆಗೆ. ಅದು ವ್ಯಕ್ತಿಯ ಹೆಸರೋ ಹುದ್ದೆಯ ಹೆಸರೋ ಎಂದು ವಿದ್ವಾಂಸರು ಚರ್ಚಿಸುತ್ತಾರೆ. ಲೆಕ್ಕಕ್ಕೆ ಹೊಣೆಗಾರರು ಯಾರೆಂದು ತಿಳಿಯಲೆಂದೇ ಅದನ್ನು ಬರೆದದ್ದು ಎಂಬುದರಲ್ಲಿ ಚರ್ಚೆಯಿಲ್ಲ. ತೆರಿಗೆ, ಸೈನ್ಯಕ್ಕೆ ಭರ್ತಿ, ಆಸ್ತಿಯ ದಾಖಲೆ ಇವುಗಳಿಗೆಲ್ಲ ಒಬ್ಬರನ್ನು ಇನ್ನೊಬ್ಬರಿಂದ ಬೇರ್ಪಡಿಸುವ, ತಲೆಮಾರಿನಿಂದ ತಲೆಮಾರಿಗೆ ಬದಲಾಗದ ಹೆಸರು ಬೇಕು. ನಾವು ಸನಾತನವೆಂದು ತಿಳಿಯುವ ಎಷ್ಟೋ ಕುಲನಾಮಗಳು ಹೀಗೆ ಸರಕಾರಿ ಆಜ್ಞೆಯಿಂದ ಹುಟ್ಟಿದವು. ಆಸ್ಟ್ರಿಯದ ದೊರೆ ಎರಡನೆಯ ಜೋಸೆಫ್ 1787ರಲ್ಲಿ ತನ್ನ ಯೆಹೂದಿ ಪ್ರಜೆಗಳಿಗೆ, ಜಪಾನಿನ ಸರಕಾರ 1875ರಲ್ಲಿ ಸಾಮಾನ್ಯ ಪ್ರಜೆಗಳಿಗೆಲ್ಲ, ಥಾಯ್ಲೆಂಡಿನ ದೊರೆ ವಜಿರಾವುಧ್ 1913ರಲ್ಲಿ, ಟರ್ಕಿ 1934ರಲ್ಲಿ ಕುಲನಾಮವನ್ನು ಕಡ್ಡಾಯ ಮಾಡಿದವು. ಮುಸ್ತಫಾ ಕೆಮಾಲ್ ಅವರಿಗೆ ‘ಅತಾತುರ್ಕ್’ ಎಂಬ ಹೆಸರನ್ನು ಸಂಸತ್ತು ಕೊಟ್ಟದ್ದು ಅದೇ ವರ್ಷ. ಫಿಲಿಪ್ಪೀನ್ಸ್‌ನಲ್ಲಿ ಸ್ಪೇನಿನ ಗವರ್ನರ್ ಕ್ಲಾವೆರಿಯಾ 1849ರಲ್ಲಿ ಅಕಾರಾದಿಯಾಗಿ ಜೋಡಿಸಿದ ಕುಲನಾಮಗಳ ಪುಸ್ತಕವೊಂದನ್ನೇ ಹಂಚಿಸಿದ. ಕೆಲವು ಕಡೆ ಪುಸ್ತಕದ ಹಾಳೆಗಳನ್ನು ಊರೂರಿಗೆ ಹಂಚಿದ್ದರಿಂದ ಊರಿಗೆ ಊರೇ ಒಂದೇ ಅಕ್ಷರದ ಕುಲನಾಮ ಪಡೆಯಿತು. ಅಲ್ಬಾಯ್ ಪ್ರಾಂತದ ಓವಾಸ್‌ನಲ್ಲಿ ಇಂದಿಗೂ ಕುಲನಾಮಗಳು ಹೆಚ್ಚಾಗಿ ‘ಆರ್’ ಅಕ್ಷರದಿಂದಲೇ ಶುರುವಾಗುತ್ತವೆ.

ಕೆನಡಾದ ಅಧಿಕಾರಿಗಳಿಗೆ ಇನ್ಯುಯಿಟ್ ಹೆಸರುಗಳು ತಲೆನೋವಾಗಿ ಕಂಡವು. ಕುಲನಾಮವಿಲ್ಲ, ಹೆಣ್ಣು ಗಂಡು ಎಂದು ಹೆಸರಿನಿಂದ ತಿಳಿಯುವುದಿಲ್ಲ, ಒಂದೇ ಹೆಸರು ಊರಿನಲ್ಲಿ ಹಲವರಿಗಿರುತ್ತದೆ, ಬರೆಯಲು ಒಂದೇ ರೀತಿಯ ಕಾಗುಣಿತವೂ ಇಲ್ಲ. 1940ರ ದಶಕದ ಆರಂಭದಲ್ಲಿ ಅವರು ಕಂಡುಕೊಂಡ ಪರಿಹಾರವೆಂದರೆ ಪ್ರತಿಯೊಬ್ಬರಿಗೂ ಒಂದು ಸಂಖ್ಯೆ. ನಾಣ್ಯದಂಥ ಚಿಕ್ಕ ದುಂಡು ಬಿಲ್ಲೆ, ಕೊರಳಿಗೆ ಕಟ್ಟಿಕೊಳ್ಳಲು ಒಂದು ತೂತು, ಅದರ ಮೇಲೆ ರಾಜಕಿರೀಟದ ಚಿತ್ರ, ಪೂರ್ವದವರಿಗೆ ‘ಇ’ ಪಶ್ಚಿಮದವರಿಗೆ ‘ಡಬ್ಲ್ಯು’ ಎಂಬ ಅಕ್ಷರ, ಮುಂದೆ ಅಂಕಿಗಳು. ಶಾಲೆಯಲ್ಲಿ, ಆಸ್ಪತ್ರೆಯಲ್ಲಿ, ಸರಕಾರದ ಪತ್ರಗಳಲ್ಲಿ ಅದೇ ಅವರ ಗುರುತಾಯಿತು. ಸತ್ತ ಅಜ್ಜಿಯನ್ನು ಮಗುವಿನ ಹೆಸರಿನಲ್ಲಿ ಮತ್ತೆ ಮನೆಗೆ ಕರೆತರುತ್ತಿದ್ದ ಜನರಿಗೆ ಕೊಟ್ಟದ್ದು ಒಂದು ಅಂಕಿ. ಈ ಪದ್ಧತಿ ಕೊನೆಗೊಳ್ಳಲು 1970ರ ದಶಕವೇ ಬರಬೇಕಾಯಿತು. 1968ರಿಂದ 1971ರವರೆಗೆ ಇನ್ಯುಯಿಟ್ ನಾಯಕ ಏಬ್ ಓಕ್ಪಿಕ್ ಊರೂರು ಸುತ್ತಿ, ಸಂಖ್ಯೆಯ ಬದಲು ಯಾವ ಕುಲನಾಮ ಬೇಕೆಂದು ಮನೆಮನೆಯವರನ್ನು ಕೇಳಿ ಬರೆದುಕೊಂಡರು. ಬಿಲ್ಲೆಗಿಂತ ಅದು ಎಷ್ಟೋ ಮೇಲು. ಆದರೂ ಕುಲನಾಮವೆಂಬುದೇ ಆ ಜನರ ಪಾಲಿಗೆ ಹೊರಗಿನ ವಸ್ತು.

ಆಡಳಿತದ ಅನುಕೂಲದಿಂದ ಕ್ರೌರ್ಯಕ್ಕೆ ದೂರ ಬಹಳವಿಲ್ಲ. 1938ರ ಆಗಸ್ಟ್‌ನಲ್ಲಿ ನಾಜಿ ಸರಕಾರ ಹೊರಡಿಸಿದ ಆಜ್ಞೆಯಂತೆ, ಹೆಸರಿನಿಂದಲೇ ಯೆಹೂದಿಗಳೆಂದು ಗುರುತಾಗದ ಯೆಹೂದಿ ಗಂಡಸರು 1939ರ ಜನವರಿ 1ರಿಂದ ತಮ್ಮ ಹೆಸರಿಗೆ ಇಸ್ರೇಲ್ ಎಂದೂ ಹೆಂಗಸರು ಸಾರಾ ಎಂದೂ ಸೇರಿಸಿಕೊಳ್ಳಬೇಕಾಯಿತು. ಶತಮಾನಗಳಿಂದ ಪ್ರೀತಿಯಿಂದ ಇಟ್ಟುಕೊಂಡು ಬಂದ ಹೆಸರುಗಳನ್ನೇ ಗುರಿಹಲಗೆಯಾಗಿ ಮಾಡಿದ ಕುತಂತ್ರವದು. 1940ರಲ್ಲಿ ಜಪಾನಿನ ಆಳ್ವಿಕೆ ಕೊರಿಯನ್ನರು ಜಪಾನಿ ಮಾದರಿಯ ಹೆಸರಿಟ್ಟುಕೊಳ್ಳುವಂತೆ ಒತ್ತಡ ಹೇರಿತು. ಕೆಲವೇ ತಿಂಗಳಲ್ಲಿ ಶೇ. 80ರಷ್ಟು ಕುಟುಂಬಗಳು ಮಣಿದವು. ಬಲ್ಗೇರಿಯದಲ್ಲಿ 1984–85ರ ಚಳಿಗಾಲದಲ್ಲಿ ಎಂಟು ಲಕ್ಷಕ್ಕೂ ಹೆಚ್ಚು ತುರ್ಕಿ ಮೂಲದ ಪ್ರಜೆಗಳಿಗೆ ಬಲವಂತದಿಂದ ಬಲ್ಗೇರಿಯನ್ ಹೆಸರಿಡಲಾಯಿತು. ಹಳ್ಳಿಗಳನ್ನು ಪೊಲೀಸರು ಸುತ್ತುವರಿದು, ಪಟ್ಟಿಯೊಂದನ್ನು ಮುಂದೆ ಹಿಡಿದು, ಹೊಸ ಹೆಸರು ಆರಿಸಿಕೊಳ್ಳಿ ಎಂದರು. ದಾಖಲೆಗಳಲ್ಲಿ ತೀರಿಹೋದವರ ಹೆಸರುಗಳನ್ನೂ ಬಿಡದೆ ತಿದ್ದಿದರು. 1989ರ ಕೊನೆಯಲ್ಲಿ ಆಡಳಿತ ಬದಲಾದ ಮೇಲೆ ಹಳೆಯ ಹೆಸರುಗಳನ್ನು ಮರಳಿ ಪಡೆಯುವ ಹಕ್ಕು ಸಿಕ್ಕಿತಾದರೂ, ಅಷ್ಟರಲ್ಲಿ ಮೂರು ಲಕ್ಷಕ್ಕೂ ಹೆಚ್ಚು ಜನ ದೇಶ ಬಿಟ್ಟು ಟರ್ಕಿಗೆ ಹೋಗಿದ್ದರು. ಆ ಸರಕಾರ ಸತ್ತವರ ಹೆಸರಿಗೂ ಹೆದರಿದ್ದೇಕೆಂದರೆ, ಮೊಮ್ಮಗನ ಹೊಸ ಹೆಸರು ಸುಳ್ಳೆಂದು ಹೇಳಲು ಅಜ್ಜನ ಹಳೆಯ ಹೆಸರೊಂದೇ ಸಾಕಾಗಿತ್ತು.

ಕಳೆದುಹೋದ ಹೆಸರನ್ನು ಮರಳಿ ಪಡೆಯುವಾಗ ಜನರು ಏನು ಆರಿಸಿಕೊಳ್ಳುತ್ತಾರೆ ಎಂಬುದೂ ಕುತೂಹಲದ ವಿಷಯ. ಮಂಗೋಲಿಯದಲ್ಲಿ ಕಮ್ಯುನಿಸ್ಟ್ ಆಡಳಿತ 1920ರ ದಶಕದಲ್ಲಿ ಕುಲದ ಹೆಸರುಗಳನ್ನು ನಿಷೇಧಿಸಿತ್ತು. 1990ರ ದಶಕದಲ್ಲಿ ಅವು ಮತ್ತೆ ಜಾರಿಗೆ ಬಂದಾಗ ಎಷ್ಟೋ ಜನರಿಗೆ ತಮ್ಮ ಕುಲ ಯಾವುದೆಂದೇ ಮರೆತುಹೋಗಿತ್ತು. ಬಹಳಷ್ಟು ಮಂದಿ ಚೆಂಗಿಸ್ ಖಾನನ ಕುಲವಾದ ಬೊರ್ಜಿಗಿನ್ ಎಂಬುದನ್ನೇ ಬರೆಸಿದರು. 1981ರಲ್ಲಿ ಬಾಹ್ಯಾಕಾಶಕ್ಕೆ ಹೋಗಿಬಂದ ಆ ದೇಶದ ಮೊದಲ ಗಗನಯಾತ್ರಿ ಗುರ‍್ರಾಗ್ಚಾ ‘ಸನ್ಸರ್’, ಅಂದರೆ ವಿಶ್ವ, ಎಂಬ ಹೊಸ ಕುಲನಾಮ ಇಟ್ಟುಕೊಂಡರು. ಹೋದವರ ಹೆಸರನ್ನು ಹೊರುವ ಬದಲು ತಾನು ಹೋಗಿಬಂದ ಜಾಗದ ಹೆಸರನ್ನು ಮನೆತನಕ್ಕೆ ಕೊಟ್ಟ ಆ ಆಯ್ಕೆ ನನಗೆ ತುಂಬ ಮೆಚ್ಚುಗೆಯಾಗಿದೆ. 1699ರಲ್ಲಿ ಆನಂದಪುರದಲ್ಲಿ ಗುರು ಗೋಬಿಂದ್ ಸಿಂಗ್ ಖಾಲ್ಸಾ ಪಂಥಕ್ಕೆ ಸೇರಿದ ಗಂಡಸರಿಗೆಲ್ಲ ಸಿಂಗ್ ಎಂಬ ಹೆಸರು ಕೊಟ್ಟದ್ದು ಇನ್ನೂ ದೊಡ್ಡ ಹೆಜ್ಜೆ. ಕೇಳಿದೊಡನೆ ಜಾತಿ ಹೇಳಿಬಿಡುವ ಹೆಸರುಗಳ ನಾಡಿನಲ್ಲಿ, ಜಾತಿ ಹೇಳದ ಒಂದು ಹೆಸರನ್ನು ಎಲ್ಲರೂ ಹಂಚಿಕೊಳ್ಳುವುದು ಸಣ್ಣ ಮಾತಲ್ಲ.

ಇಂದು ಹೆಸರಿನ ಮೇಲಿನ ಒತ್ತಡ ಬರುತ್ತಿರುವುದು ಅರ್ಜಿಯ ನಮೂನೆಯಿಂದ. ಮೊದಲ ಹೆಸರು, ಕೊನೆಯ ಹೆಸರು ಎಂಬ ಎರಡು ಖಾನೆಗಳು ಯುರೋಪಿನ ಒಂದು ಭಾಗದ ರೂಢಿಯನ್ನು ಇಡೀ ಲೋಕದ ನಿಯಮವೆಂಬಂತೆ ಮುಂದಿಡುತ್ತವೆ. ಯುರೋಪಿನಲ್ಲೇ ಐಸ್ಲೆಂಡಿನವರಿಗೆ ಆ ನಿಯಮ ಹೊಂದುವುದಿಲ್ಲ. 1980ರಲ್ಲಿ ಅಲ್ಲಿನ ಅಧ್ಯಕ್ಷರಾಗಿ ಆಯ್ಕೆಯಾದ ವಿಗ್ದಿಸ್ ಫಿನ್‌ಬೊಗಾದೊತ್ತಿರ್ ಅವರ ಎರಡನೆಯ ಹೆಸರಿಗೆ ‘ಫಿನ್‌ಬೊಗಿಯ ಮಗಳು’ ಎಂದಷ್ಟೇ ಅರ್ಥ. ಅಧ್ಯಕ್ಷರನ್ನೂ ಜನ ವಿಗ್ದಿಸ್ ಎಂದೇ ಕರೆಯುತ್ತಾರೆ, ದೂರವಾಣಿ ಪುಸ್ತಕವನ್ನೂ ಸ್ವಂತ ಹೆಸರಿನ ಅಕಾರಾದಿಯಲ್ಲೇ ಜೋಡಿಸುತ್ತಿದ್ದರು. 1960ರ ರೋಮ್ ಒಲಿಂಪಿಕ್ಸ್‌ನಲ್ಲಿ ಬರಿಗಾಲಲ್ಲಿ ಮ್ಯಾರಥಾನ್ ಗೆದ್ದ ಇಥಿಯೋಪಿಯದ ಅಬೆಬೆ ಬಿಕಿಲಾ ಅವರನ್ನು ಜಗತ್ತು ಬಿಕಿಲಾ ಎಂದು ಕೊಂಡಾಡಿತು, ಬಿಕಿಲಾ ಅವರ ತಂದೆಯ ಹೆಸರು. ವಿಶ್ವಸಂಸ್ಥೆಯ ಮಹಾ ಕಾರ್ಯದರ್ಶಿಯಾಗಿದ್ದ ಬರ್ಮಾದ ಊ ಥಾಂಟ್ ಅವರ ಹೆಸರು ಥಾಂಟ್ ಅಷ್ಟೇ. ‘ಊ’ ಎಂಬುದು ಹಿರಿಯರನ್ನು ಕರೆಯುವ ಗೌರವದ ಪದ. ಒಂದೇ ಹೆಸರಿನ ಪಾಸ್‌ಪೋರ್ಟ್ ಇರುವವರಿಗೆ ಅಮೆರಿಕದ ವೀಸಾದಲ್ಲಿ ಮೊದಲ ಹೆಸರಿನ ಜಾಗದಲ್ಲಿ ‘ಎಫ್‌ಎನ್‌ಯು’ ಎಂದು ಬರೆಯುತ್ತಾರೆ, ಮೊದಲ ಹೆಸರು ತಿಳಿದಿಲ್ಲ ಎಂಬುದರ ಸಂಕ್ಷೇಪವದು. ತಿಳಿದಿಲ್ಲವೆಂದು ಬರೆದ ಆ ಹೆಸರು, ಅದೇ ಹಾಳೆಯಲ್ಲಿ, ಪಕ್ಕದ ಖಾನೆಯಲ್ಲಿ ಪೂರ್ತಿಯಾಗಿ ಇರುತ್ತದೆ.

ಪೂರ್ಣ ಹೆಸರಿಗೆ ಉದ್ದನೆಯ ಒಂದೇ ಖಾನೆ, ನಿಮ್ಮನ್ನು ಏನೆಂದು ಕರೆಯಬೇಕು ಎಂಬುದಕ್ಕೆ ಇನ್ನೊಂದು ಖಾನೆ ಇಟ್ಟರೆ ಐಸ್ಲೆಂಡಿನವರಿಗೂ ಇಥಿಯೋಪಿಯದವರಿಗೂ ಜಾವಾದವರಿಗೂ ತಮ್ಮ ಹೆಸರನ್ನು ಮುರಿಯದೆ ಬರೆಯಲು ಸಾಧ್ಯವಾಗುತ್ತದೆ. ನಮೂನೆ ತಯಾರಿಸುವ ಕಚೇರಿಗಳು, ತಂತ್ರಾಂಶ ಬರೆಯುವ ಕಂಪನಿಗಳು ಈ ಎರಡನೆಯ ಖಾನೆಯನ್ನು ಐಚ್ಛಿಕವಾಗಿಯಾದರೂ ಸೇರಿಸಲಿ ಎಂಬುದು ನನ್ನ ಒತ್ತಾಯ. ಕುಲನಾಮದ ಖಾನೆಯನ್ನು ಕಡ್ಡಾಯ ಮಾಡುವುದನ್ನಂತೂ ಅವರು ಈಗಲೇ ಕೈಬಿಡಬೇಕು.